ಸೊಸೆಯ ಜೋಡೆತ್ತು

೧೧ ಜೂನ್, ಬುಧವಾರ. ಕಾರಹುಣ್ಣಿಮೆ

ಟ್ರ್ಯಾಕ್ಟರಿಗೆ ಕುಂಕುಮ ಹಚ್ಚಿ ಕಾಯಿ ಒಡೆದರು. ಎತ್ತಿಲ್ಲದ ಮನೆಯಲ್ಲಿ ಕಾರಹುಣ್ಣಿಮೆ ಇನ್ನು ಹೀಗೆಯೇ. ಹೋಳಿಗೆ ಚೆನ್ನಾಗಿತ್ತು. ಕಟ್ಟಿನ ಸಾರಿಗೆ ವಿಜಯಶ್ರೀ ಬೆಲ್ಲ ಹೆಚ್ಚು ಹಾಕಿದ್ದಳು. ಹೇಳಿದೆ. "ಹೌದ್ರಿ ಅತ್ತಿ" ಅಂದಳು. ನನ್ನ ಸೊಸೆ ಎಲ್ಲದಕ್ಕೂ ಹೌದ್ರಿ ಅನ್ನುತ್ತಾಳೆ. ಆಮೇಲೆ ತನಗೆ ತಿಳಿದಂತೆ ಮಾಡುತ್ತಾಳೆ.

ಇನ್ನೆರಡು ವಾರಕ್ಕೆ ಮಣ್ಣೆತ್ತಿನ ಅಮಾವಾಸ್ಯೆ. ಊರಿನ ಉಳಿದವರೆಲ್ಲ ಕುಂಬಾರರ ಮನೆಯಿಂದ ಎತ್ತು ತರುತ್ತಾರೆ. ಈ ಮನೆಯಲ್ಲಿ ಹಾಗಿಲ್ಲ. ಹಿರಿಯ ಹೆಣ್ಣೇ ನಮ್ಮ ಹೊಲದ ಎರೆಮಣ್ಣು ತಂದು ಕೈಯಾರೆ ಮಾಡಬೇಕು. ಅತ್ತೆ ಮಾಡಿದರು, ಅವರ ನಂತರ ನಾನು. ನನ್ನ ಮಗ ಅಮರನಾಥನ ಅಪ್ಪ ತೀರಿಕೊಂಡ ವರ್ಷ ನೆಗೆಣ್ಣಿ, ಮೈದುನನ ಹೆಂಡತಿ, ಬಂದು "ಇನ್ನ ಮುತ್ತೈದಿ ಕೈಲೆ ಮಾಡಸ್ರಿ ಅಕ್ಕಾ" ಅಂದಳು. ಕೊರಳಲ್ಲಿ ಲಿಂಗ ಕಟ್ಟಿಕೊಂಡು ಬಸವಣ್ಣನ ಮನೆಯಲ್ಲಿ ಆಡುವ ಮಾತಲ್ಲ ಅದು ಎಂದು ಬಾಗಿಲು ತೋರಿಸಿದೆ. ಆ ವರ್ಷವೂ ನಾನೇ ಮಾಡಿದೆ.

ಊಟಕ್ಕೆ ಕುಳಿತಾಗ ಅಮರನಾಥ ಮಾತು ತೆಗೆದ. "ಯವ್ವ, ಕರಜಗ್ಯಾಗ ಮಣ್ಣಿನ ಕ್ಲಾಸ್ ನಡಸ್ತಾರಂತ. ಗಾಣಗಾಪುರಕ್ಕ ಬರೋ ಮಂದಿಗಂತ ಸುರು ಮಾಡ್ಯಾರ. ಒಂದ್ ವಾರ. ಇರಾಕ ಖೋಲಿನೂ ಅವರೇ ಕೊಡ್ತಾರ. ವಿಜಯಶ್ರೀಗಿ ಹೋಗ್ಬೇಕಂತ ಆಸಿ ಅದ."

"ಗಡಿಗಿ ಮಾಡಿ ಸಂತ್ಯಾಗ ಮಾರ್ತಾಳೇನು?"

ಅವಳು ತಲೆ ತಗ್ಗಿಸಿ, "ಸುಮ್ನ ಕಲೀಬೇಕಂತರಿ" ಅಂದಳು.

ಮೊಮ್ಮಗಳು ಸೃಷ್ಟಿಗೆ ಬಾಯಿ ಸುಮ್ಮನಿರುವುದಿಲ್ಲ. "ಸುಮ್ನ ಅಲ್ಲ ಆಯಿ, ಎತ್ತ ಮಾಡಾಕ. ಹೋದ ವರ್ಷ ನಿಂದು ಹಂದಿ ಆಗಿತ್ತಲ್ಲ!"

ಅಮರನಾಥ ನೀರು ಕುಡಿದ. ವಿಜಯಶ್ರೀ ಮಗಳನ್ನು ಗದರಿದಳು, ಆದರೆ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ನೋಡಿದೆ.

ಹೋದ ವರ್ಷ ಬಲಗೈ ಹೆಬ್ಬೆರಳು ಮಡಚುತ್ತಿರಲಿಲ್ಲ. ಈಗಲೂ ಪೂರ್ತಿ ಮಡಚುವುದಿಲ್ಲ. ಅದು ಬೇರೆ ಮಾತು.

"ಆತು. ನಾನೂ ಬರ್ತೇನಿ" ಅಂದೆ.

ಆಗ ಅವಳ ಮುಖ ನೋಡಬೇಕಿತ್ತು.

೧೪ ಜೂನ್, ಶನಿವಾರ. ಕರಜಗಿ

ಮಾದನಹಿಪ್ಪರಗಾದಿಂದ ಆಳಂದ, ಆಳಂದದಿಂದ ಅಫಜಲಪುರ, ಅಲ್ಲಿಂದ ಇನ್ನೊಂದು ಬಸ್ಸು. ಮೈಯೆಲ್ಲ ಧೂಳು. ಇಳಿದಾಗ ಅವಳ ಚೀಲ ಎತ್ತಲು ಹೋದೆ, ಜಗ್ಗಲಿಲ್ಲ.

"ಏನ ತುಂಬೀ ಇದರಾಗ, ಕಲ್ಲೇನು?"

"ಬಟ್ಟಿ ಅವರಿ ಅತ್ತಿ. ಬಿಡ್ರಿ, ನಾ ಹಿಡೀತೇನಿ."

ಒಂದು ವಾರಕ್ಕೆ ಎಷ್ಟು ಬಟ್ಟೆ!

ಕ್ಲಾಸು ನಡೆಸುವವನು ಸತೀಶಕುಮಾರ. ಕುಂಬಾರರ ಹುಡುಗ, ಹೊರಗೆಲ್ಲೋ ಕಲಿತು ಬಂದಿದ್ದಾನೆ. ಜೀನ್ಸು ಹಾಕಿಕೊಂಡು ತಿಗರಿ ತಿರುಗಿಸುತ್ತಾನೆ. ತಿಗರಿಯೂ ಕರೆಂಟಿನದು. ಹೆಂಡತಿ ಸೋಲಾಪುರದ ಕಡೆಯವಳು, ಅಡಿಗೆಯೂ ಅವಳದೇ, ಗಡಿಗೆ ಸುಡುವ ಆವಿಗೆ ತುಂಬಿಸುವುದೂ ಅವಳದೇ. ಹಿತ್ತಲಲ್ಲಿ ತಗಡಿನ ಚಪ್ಪರ, ಅದರಡಿ ಕ್ಲಾಸು.

ನಮ್ಮ ಜೊತೆ ಜೇವರ್ಗಿ ತಾಲೂಕು ಕೊಳಕೂರಿನ ತಾಯಿ ಮಗಳು ಇದ್ದಾರೆ. ಪ್ಯಾರಿಬಿ, ನನ್ನ ವಯಸ್ಸಿನವಳು. ಮಗಳು ತಬಸ್ಸುಮ, ಹೂಕುಂಡ ಮಾಡಿ ಜೇವರ್ಗಿಯಲ್ಲಿ ಮಾರಬೇಕಂತೆ. ಮಹಾರಾಷ್ಟ್ರದ ಗಂಡಹೆಂಡತಿ ಇಬ್ಬರು ಗಾಣಗಾಪುರ ಮುಗಿಸಿಕೊಂಡು ಬಂದವರು. ನೀವೂ ದರ್ಶನ ಮಾಡಿದಿರಾ ಎಂದು ಕೇಳಿದರು. ನಮ್ಮ ದೇವರು ಕೊರಳಲ್ಲೇ ಇದ್ದಾನೆ, ಬಸ್ಸು ಹತ್ತಬೇಕಾಗಿಲ್ಲ ಅಂದೆ.

೧೫ ಜೂನ್, ಭಾನುವಾರ. ಸಂಜೆ

ಕುರ್ಚಿ ಹಾಕಿಸಿಕೊಂಡು ನೋಡುತ್ತ ಕುಳಿತಿದ್ದೆ. ಪ್ಯಾರಿಬಿ ಕಾಲು ಚಾಚಿಕೊಂಡು ಮಣ್ಣು ನಾದುತ್ತಿದ್ದಳು. ಮೊಣಕೈವರೆಗೆ ಕೆಸರು.

"ಗೌಡ್ತ್ಯಾರ, ಕುರ್ಚಿ ಮ್ಯಾಲ ಕುಂತು ಕಲ್ಯಾಕ ಇದೇನ್ ತಹಶೀಲ್ದಾರ್ ಆಫೀಸೇನ್ರಿ? ಇಳೀರಿ ಕೆಳಗ."

"ನಾ ಕಲ್ಯಾಕ ಬಂದಿಲ್ಲ. ನಮ್ಮ ಮನ್ಯಾಗ ಮಣ್ಣೆತ್ತ ನಾನೇ ಮಾಡ್ತೇನಿ."

"ಮತ್ತ್ಯಾಕ ಬಂದೀರಿ? ಸೊಸಿ ಕಾಯಾಕೇನು?"

ಎಲ್ಲರೂ ನಕ್ಕರು. ವಿಜಯಶ್ರೀ ನಗಲಿಲ್ಲ. ಅದು ಇನ್ನೂ ಕೆಟ್ಟದಾಗಿತ್ತು. ಕೆಳಗಿಳಿದು ಕುಳಿತೆ.

ಮಣ್ಣು ಕೈಗೆ ಬಂದ ಕೂಡಲೇ ಕೈ ತನ್ನಷ್ಟಕ್ಕೆ ತಾನೇ ಬಡಿಯತೊಡಗಿತು. ಜೋಳದ ಹಿಟ್ಟು ಬಡಿದ ಕೈ. ಒಂದು ನೀರ ಹನಿ, ಒಂದು ತಟ್ಟು, ಒಂದು ತಿರುವು. ನೋಡುತ್ತಿದ್ದಂತೆ ಮಣ್ಣು ಅಗಲವಾಗಿ ದುಂಡಗಾಯಿತು.

"ಯಾ ಅಲ್ಲಾ! ರೊಟ್ಟಿ ಬಡ್ದಾರ ನೋಡು ಗೌಡ್ತ್ಯಾರು. ಹಂಚ ತರ್ಲೇನ್ರಿ? ಶೇಂಗಾ ಚಟ್ನಿ ಅದ ನನ್ನ ಹಂತೇಕ."

ಸತೀಶಕುಮಾರ ಮೆಲ್ಲಗೆ ಹೇಳಿದ: "ಬಡೀಬ್ಯಾಡ್ರಿ ಅಮ್ಮಾ. ಒಳಗ ಒತ್ತಿ ಮ್ಯಾಲ ಎಳೀಬೇಕು. ಹೆಬ್ಬಟ್ಟು ಒಳಗ ಇರಲಿ."

ಹೆಬ್ಬಟ್ಟು! ಅದೊಂದೇ ನನ್ನ ಮಾತು ಕೇಳುವುದಿಲ್ಲ.

೧೬ ಜೂನ್, ಸೋಮವಾರ

ತಿಗರಿಯ ಮೇಲೆ ಪಾಳಿ. ನನ್ನದು ಮೇಲೆದ್ದು, ಬಾಗಿ, ಒಂದು ಕಡೆ ಕುಸಿದು ಬಿತ್ತು. ಮತ್ತೆ ಮಾಡಿದೆ. ಮತ್ತೆ ಬಿತ್ತು. ಮಹಾರಾಷ್ಟ್ರದವನದೂ ಬಿತ್ತು, ತಬಸ್ಸುಮಳದೂ ಬಿತ್ತು. ಸಮಾಧಾನವಾಯಿತು.

ಆಮೇಲೆ ವಿಜಯಶ್ರೀ ಕುಳಿತಳು. ಬಳೆ ಮೇಲಕ್ಕೆ ಸರಿಸಿಕೊಂಡಳು. ಎರಡು ಕೈ ಒದ್ದೆ ಮಾಡಿಕೊಂಡು ಮಣ್ಣಿನ ಮೇಲೆ ಇಟ್ಟಳು, ಇಟ್ಟು ಸುಮ್ಮನಾದಳು. ಏನೂ ಮಾಡುತ್ತಿಲ್ಲ ಅನ್ನಿಸಿತು. ಮಣ್ಣು ತಾನೇ ಎದ್ದು ಬಂತು. ಕೊರಳು ಬಂತು, ಅಂಚು ಬಂತು. ಮಗಿ ಆಯಿತು.

ಸತೀಶಕುಮಾರ ಚಪ್ಪಾಳೆ ತಟ್ಟಿದ. "ಅಕ್ಕಾರ, ಮದ್ಲ ಮಾಡೀರೇನ್ರಿ?"

"ಇಲ್ರಿ. ಬ್ಲೌಸಿಗಿ ಆರಿ ವರ್ಕ್ ಮಾಡ್ತೇನಿ, ಅಷ್ಟ."

"ಕೈ ಭಾರಿ ಹಗೂರದ ನಿಮ್ದು."

ಹಗುರ ಕೈ! ಆ ಕೈಯಿಂದ ನನ್ನ ಮನೆಯ ಹಿತ್ತಾಳೆಯ ಕೊಡ ಬಿದ್ದು ತಗ್ಗಾಗಿದೆ. ಅದು ಇವನಿಗೆ ಗೊತ್ತಿಲ್ಲ.

ಫೋಟೊ ತೆಗೆದು ಮನೆಗೆ ಕಳಿಸಿದಳು. ಅಮರನಾಥ ಕೂಡಲೇ ಫೋನು ಮಾಡಿದ. ಹೆಂಡತಿಯ ಜೊತೆ ಮಾತಾಡಿ, ಕೊನೆಗೆ, "ಅವ್ವ ಏನ್ ಮಾಡ್ಯಾಳ?" ಅಂದ. ಸ್ಪೀಕರಿನಲ್ಲಿತ್ತು.

"ಅತ್ತ್ಯಾರೂ ಛಲೋ ಕಲ್ಯಾಕತ್ತಾರ" ಅಂದಳು.

ನನ್ನ ಮಾನ ಅವಳು ಮುಚ್ಚಬೇಕೇನು?

೧೭ ಜೂನ್, ಮಂಗಳವಾರ. ಮಧ್ಯಾಹ್ನ

ಇವತ್ತು ತಿಳಿಯಿತು. ಚೀಲದಲ್ಲಿ ಬಟ್ಟೆ ಅಲ್ಲ.

ಎಲ್ಲರೂ ಇಲ್ಲಿಯ ಕೆಂಪು ಮಣ್ಣು ತೆಗೆದುಕೊಂಡರು. ಅವಳು ಖೋಲಿಗೆ ಹೋಗಿ ಒಂದು ಗಂಟು ತಂದು ಬಿಚ್ಚಿದಳು. ಕರಿ ಎರೆಮಣ್ಣು. ಒಡೆದು, ಜರಡಿ ಹಿಡಿದು, ಕಸ ಆರಿಸಿ ಇಟ್ಟದ್ದು. ಕೇಳಬೇಕಾಗಿರಲಿಲ್ಲ. ಮೂಸಿದರೆ ಗೊತ್ತಾಗುತ್ತದೆ, ನಮ್ಮ ಹೊಲದ್ದು. ಬೇವಿನ ಗಿಡದ ಬುಡದ ಮಣ್ಣು, ನಾನು ಎತ್ತಿಗೆ ತೆಗೆಯುವ ಜಾಗದ್ದು.

"ಯಾರನ್ನ ಕೇಳಿ ತಂದಿ?"

"ಸತೀಶಕುಮಾರ ಮದ್ಲೇ ಫೋನಿನ್ಯಾಗ ಹೇಳಿದ್ರು ಅತ್ತಿ, ಬೇಕಾದ್ರ ನಿಮ್ಮೂರ ಮಣ್ಣ ತರ್ರಿ ಅಂತ. ನಿಮಗ ಕೈ ನೋಯ್ತದಲ್ರಿ... ನಾ ಒಂದ್ ಸಲ ಮಾಡಿ ನೋಡ್ಬೇಕಂತ."

"ನನ್ನ ಕೈ ನೋಯ್ತದಂತ ನಿನಗ ಹೇಳೀನೇನು?"

"ಇಲ್ರಿ."

"ಮತ್ತ?"

ಗಂಟಿನ ಅಂಚು ಮಡಚತೊಡಗಿದಳು. ಪ್ಯಾರಿಬಿ ಮಣ್ಣು ನಾದುವುದು ಬಿಟ್ಟು ನೋಡುತ್ತಿದ್ದಳು. ಮಂದಿಯ ಮುಂದೆ ಮಾತು ಬೆಳೆಸುವವಳು ನಾನಲ್ಲ. ಎದ್ದು ಖೋಲಿಗೆ ಬಂದೆ. ಬರೆಯುತ್ತಿದ್ದೇನೆ.

ಅತ್ತೆ ಸಾಯುವವರೆಗೆ ನಾನು ಆ ಮಣ್ಣು ಮುಟ್ಟಿರಲಿಲ್ಲ. ಕೈ ಕಟ್ಟಿ ನಿಂತು ನೋಡುತ್ತಿದ್ದೆ, ಅಷ್ಟೇ. ಇವಳಿಗೆ ನಾನು ಇನ್ನೂ ಜೀವಂತ ಇದ್ದೇನೆ ಅನ್ನುವ ನೆನಪೇ ಇದ್ದಂತಿಲ್ಲ.

೧೯ ಜೂನ್, ಗುರುವಾರ

ನಿನ್ನೆ ಮೈ ಸರಿ ಇಲ್ಲವೆಂದು ಚಪ್ಪರಕ್ಕೆ ಹೋಗಲಿಲ್ಲ. ಮೈ ಸರಿ ಇತ್ತು. ಅವಳು ತಾಟಿನಲ್ಲಿ ರೊಟ್ಟಿ, ಪುಂಡಿಪಲ್ಯ ತಂದಿಟ್ಟು ಹೋದಳು. ತಿಂದೆ.

ಇವತ್ತು ಹೋದೆ. ಹಲಗೆಯ ಮೇಲೆ ಅವಳ ಜೋಡೆತ್ತು ನಿಂತಿದ್ದವು.

ನಿಜವನ್ನೇ ಬರೆಯುತ್ತೇನೆ, ಓದುವವರು ಯಾರೂ ಇಲ್ಲ. ಇಷ್ಟು ವರ್ಷ ಎತ್ತು ಮಾಡಿದ್ದೇನೆ, ನನ್ನ ಎತ್ತುಗಳೆಲ್ಲ ಮುಂದೆ ನೋಡುತ್ತವೆ. ಗೂಟಕ್ಕೆ ಕಟ್ಟಿದ ಹಾಗೆ. ಅತ್ತೆಯವೂ ಹಾಗೆಯೇ ಇದ್ದವು. ಇವಳ ಎಡಗಡೆಯ ಎತ್ತು ಕತ್ತು ಹೊರಳಿಸಿದೆ. ಬಲಗಡೆಯದರತ್ತ ತಿರುಗಿ, ಬರುತ್ತೀಯೋ ಇಲ್ಲವೋ ಎಂದು ಕೇಳುವ ಹಾಗೆ. ಬಲಗಡೆಯದು ತಲೆ ತಗ್ಗಿಸಿದೆ, ದಣಿದಿದೆ. ಕೊರಳ ಕೆಳಗಿನ ತೊಗಲು ನೆರಿಗೆ ನೆರಿಗೆಯಾಗಿ ಇಳಿದಿದೆ. ಕಣ್ಣಿಗೆ ಜೋಳದ ಕಾಳು ಒತ್ತಿದ್ದಾಳೆ. ಮುಟ್ಟಿದರೆ ಬೆಚ್ಚಗಿರಬಹುದು ಅನ್ನಿಸಿತು. ಮುಟ್ಟಲಿಲ್ಲ.

ಹೊಟ್ಟೆಯನ್ನು ಕೆಳಗಿನಿಂದ ಕೆರೆದು ಪೊಳ್ಳು ಮಾಡಿದ್ದಾಳೆ. ಗಟ್ಟಿ ಇದ್ದರೆ ಒಣಗುವಾಗ ಸೀಳುತ್ತದೆಂದು ಸತೀಶಕುಮಾರ ಹೇಳಿಕೊಟ್ಟನಂತೆ.

ತಬಸ್ಸುಮ ಫೋಟೊ ತೆಗೆದು ಸ್ಟೇಟಸ್ಸಿಗೆ ಹಾಕಿದಳು. ಮಹಾರಾಷ್ಟ್ರದವಳು "ಕಿತೀ ಸುಂದರ" ಅಂದಳು. ಪ್ಯಾರಿಬಿ ಕೂಡ, "ಅಗೆ ಬಾಯಿ, ಎದ್ದು ಹೋಗ್ತಾವ ನೋಡವಾ, ಹಗ್ಗ ಹಾಕು" ಅಂದಳು.

ವಿಜಯಶ್ರೀ ನನ್ನತ್ತ ನೋಡಿದಳು. ನಾನು ಏನಾದರೂ ಅನ್ನಲಿ ಎಂದು. "ಕೊಂಬ ಸೊಟ್ಟ ಆಗ್ಯಾವ" ಅಂದೆ.

"ಹೌದ್ರಿ ಅತ್ತಿ" ಅಂದು ನೆಟ್ಟಗೆ ಮಾಡಿದಳು. ಕೊಂಬು ಸೊಟ್ಟ ಇರಲಿಲ್ಲ. ಈಗ ತುಸು ಸೊಟ್ಟ ಆಗಿದೆ.

ಅಮರನಾಥನಿಗೆ ಫೋಟೊ ಹೋಯಿತು. "ಈ ವರ್ಷ ಇವೇ ಪೂಜಿಗಿ" ಎಂದು ಉತ್ತರ ಬಂತು. ಅವಳು ಓದಿ ಹೇಳಲಿಲ್ಲ. ತಬಸ್ಸುಮ ಓದಿದಳು.

೨೦ ಜೂನ್, ಶುಕ್ರವಾರ. ಸಂಜೆ

ಮಧ್ಯಾಹ್ನ ಮಿರಗದ ಮಳೆಯ ಮೋಡ ಕಟ್ಟಿತು. ನಾಳೆ ಹಚ್ಚಬೇಕಾದ ಆವಿಗೆಯನ್ನು ಇವತ್ತೇ ಹಚ್ಚಬೇಕೆಂದು ಗಡಿಬಿಡಿ. ಸತೀಶಕುಮಾರ ಕಟ್ಟಿಗೆ ತರಲು ಹೋದ. ಅವನ ಹೆಂಡತಿ ಗಡಿಗೆ, ಮಗಿ, ಹೂಕುಂಡ ಒಂದೊಂದಾಗಿ ಒಳಗೆ ಜೋಡಿಸುತ್ತಿದ್ದಳು. ಸುಡುವುದೆಲ್ಲ ಉದ್ದ ಹಲಗೆಯ ಮೇಲೆ. ಎತ್ತುಗಳು ಬೇರೆ, ಮೂಲೆಯ ಗೂಡಿನಲ್ಲಿ. ಪೂಜೆಯ ಎತ್ತನ್ನು ಯಾರೂ ಸುಡುವುದಿಲ್ಲ. ಹಸಿಯಾಗಿಯೇ ಇದ್ದು, ಪೂಜೆ ಆಗಿ, ನೀರಲ್ಲಿ ಕರಗಬೇಕು. ಹೊಲದ ಮಣ್ಣು ಹೊಲಕ್ಕೆ ಹೋಗಬೇಕು. ಬೆಂದರೆ ಅದು ಗೊಂಬೆ.

ವಿಜಯಶ್ರೀ ಸ್ನಾನಕ್ಕೆ ಹೋಗಿದ್ದಳು.

ಎತ್ತು ಎರಡನ್ನೂ ಗೂಡಿನಿಂದ ತಂದು ಸತೀಶಕುಮಾರನ ಹೆಂಡತಿಗೆ ಕೊಟ್ಟೆ.

ಅವಳು, "ಎತ್ತ ಸುಡ್ತೀರೇನ್ರಿ ನಿಮ್ಮ ಕಡಿ?" ಅಂದಳು.

"ಪೂಜಾದ್ದಲ್ಲ. ಶೋಕೇಸಿನ್ಯಾಗ ಇಡಾಕ. ಸೊಸಿ ಹೇಳ್ಯಾಳ."

ದೊಡ್ಡ ಗಡಿಗೆಯ ಮಗ್ಗುಲಿಗೆ ಇಟ್ಟಳು. ಮೇಲೆ ಓಡು ಮುಚ್ಚಿದರು, ಹುಲ್ಲು, ಮಣ್ಣು. ಬೆಂಕಿ ಕೊಟ್ಟರು.

ಇನ್ನೂ ಹಸಿ ಆರದ ಮಣ್ಣು ಬೆಂಕಿಯಲ್ಲಿ ಸಿಡಿಯುತ್ತದೆ ಎಂದು ಮೊದಲ ದಿನವೇ ಹೇಳಿದ್ದರು. ನೆನಪಿತ್ತು.

ಹಿಂದಿರುಗಿದರೆ ಪ್ಯಾರಿಬಿ. ಕಂಬಕ್ಕೆ ಒರಗಿ ಎಲೆ ಅಡಿಕೆ ಹಾಕಿಕೊಳ್ಳುತ್ತಿದ್ದಳು. ಎಲ್ಲ ಕೇಳಿಸಿಕೊಂಡಿದ್ದಾಳೆ. ಒಂದು ಎಲೆ ನನಗೂ ಚಾಚಿದಳು. ತೆಗೆದುಕೊಂಡೆ. ಯಾಕೆ ತೆಗೆದುಕೊಂಡೆನೋ.

೨೧ ಜೂನ್, ಶನಿವಾರ

ಆವಿಗೆ ಆರುವವರೆಗೆ ಕೆಲಸವಿಲ್ಲ. ಗೂಡು ಖಾಲಿ ಇರುವುದನ್ನು ವಿಜಯಶ್ರೀ ಮುಂಜಾನೆಯೇ ನೋಡಿದಳು. ಹುಡುಕಿದಳು. ಸತೀಶಕುಮಾರನ ಹೆಂಡತಿಯನ್ನು ಕೇಳಿದಳು. ಅವಳು ನನ್ನ ಕಡೆ ಕೈ ತೋರಿಸಿ ಏನೋ ಹೇಳಿದಳು. ದೂರದಿಂದ ನೋಡಿದೆ. ಈಗ ಬಂದು ಕೇಳುತ್ತಾಳೆ ಎಂದು ಎರಡು ಮಾತು ಸಿದ್ಧ ಮಾಡಿಟ್ಟುಕೊಂಡೆ.

ಬರಲಿಲ್ಲ. ಆವಿಗೆಯ ಹತ್ತಿರ ಹೋಗಿ, ಬಿಸಿ ತಾಗುವಷ್ಟು ಹತ್ತಿರ, ನಿಂತಳು. ಆಮೇಲೆ ಅಡಿಗೆಮನೆಗೆ ಹೋಗಿ ಚಹಾ ತಂದು ನನ್ನ ಮುಂದೆ ಇಟ್ಟಳು. ಸಕ್ಕರೆ ಸರಿಯಾಗಿತ್ತು.

ಪ್ಯಾರಿಬಿ ಬಂದು ಮಗ್ಗುಲಲ್ಲಿ ಕುಳಿತಳು. ತನ್ನಷ್ಟಕ್ಕೆ ಶುರು ಮಾಡಿದಳು.

"ನಮ್ಮ ಸೊಸಿ ಬಿರ್ಯಾನಿ ಮಾಡ್ತಾಳ್ರಿ ಗೌಡ್ತ್ಯಾರ. ಕೊಳಕೂರಿಗಿ ಕೊಳಕೂರೇ ಹೊಗಳ್ತದ. ನಂದು ಮೂವತ್ತ ವರ್ಷ ತಿಂದ ಬಾಯೇ ಹೊಗಳ್ತಾವ. ಒಂದಿನ ತಡೀಲಾರದ ಹಂಡೇದಾಗ ಒಂದ್ ಮುಟಗಿ ಉಪ್ಪ ಹಾಕ್ಬಿಟ್ಟೆ."

"ಆಮ್ಯಾಲ?"

"ಆಮ್ಯಾಲೇನು. ಎಲ್ಲಾರೂ ನಾಕ್ ನಾಕ್ ಚರಗಿ ನೀರ ಕುಡದ್ರು. ಕುಡದು, ಇವತ್ತ ಮಸಾಲಿ ಭಾರಿ ಹತ್ಯಾದ ಅಂದ್ರು!"

ನಗು ಬಂತು. ನಗಲಿಲ್ಲ.

"ನಿಮ್ಮನ್ಯಾಗ ಉಪ್ಪಿನ ಮಾತ ಬ್ಯಾರೆ" ಅಂದೆ.

"ಹೌದ್ರಿ. ಉಪ್ಪ ಸುಡಂಗಿಲ್ಲ" ಅಂದು ಎದ್ದು ಹೋದಳು.

೨೨ ಜೂನ್, ಭಾನುವಾರ. ಬಸ್ಸಿನಲ್ಲಿ ಬರೆಯಲಾಗಲಿಲ್ಲ, ಮನೆಗೆ ಬಂದು

ಮುಂಜಾನೆ ಆವಿಗೆ ತೆರೆದರು. ಗುರುವಾರ ಹೇಗೋ ನಿಲ್ಲಿಸಿದ್ದ ನನ್ನ ಗಡಿಗೆಗೆ ಬುಡದಲ್ಲಿ ಬಿರುಕು. ಮಹಾರಾಷ್ಟ್ರದವನ ಹೂಜಿ ಎರಡು ಹೋಳು. ಕೊನೆಗೆ ಎತ್ತು ಬಂದವು.

ಸಿಡಿದಿರಲಿಲ್ಲ. ಹೊಟ್ಟೆ ಪೊಳ್ಳು ಮಾಡಿದ್ದಳಲ್ಲ, ಅದೇ ಉಳಿಸಿತು. ಕರಿಮಣ್ಣು ಬೆಂದು ಇಟ್ಟಂಗಿಯ ಬಣ್ಣವಾಗಿದೆ, ಬೆನ್ನ ಮೇಲೆ ಹೊಗೆಯ ಕಪ್ಪು ಮಚ್ಚೆ. ಬೆರಳಿನಿಂದ ಬಡಿದರೆ ಠಣ್ ಅನ್ನುತ್ತದೆ.

ಜೋಳದ ಕಾಳು ಸುಟ್ಟುಹೋಗಿವೆ. ಕಣ್ಣಿದ್ದಲ್ಲಿ ತೂತು. ಕುರುಡು ಎತ್ತು.

ಸಂತೋಷವಾಯಿತು. ಬರೆಯಲಿಕ್ಕೆ ನಾಚಿಕೆಯಿಲ್ಲ. ಆಗಲೇ ಸಂತೋಷವಾದದ್ದು, ಅಲ್ಲಿಯವರೆಗೆ ಆಗಿರಲಿಲ್ಲ.

ಸತೀಶಕುಮಾರ ತಲೆ ಕೆರೆದುಕೊಂಡ. "ಅಕ್ಕಾರ, ಪೂಜಾದ್ದಂದಿದ್ರಿ... ಇವ್ಯಾರ ಇಟ್ರು?"

ವಿಜಯಶ್ರೀ, "ಇರಲಿ ಬಿಡ್ರಿ" ಅಂದಳು. ಅಷ್ಟೇ. ಟಾವೆಲಿನಲ್ಲಿ ಸುತ್ತಿಕೊಂಡಳು. ಅಫಜಲಪುರ, ಆಳಂದ, ಊರು, ಮೂರೂ ಬಸ್ಸಿನಲ್ಲಿ ತೊಡೆಯ ಮೇಲೆ ಇಟ್ಟುಕೊಂಡು ಬಂದಳು, ಕೂಸಿನ ಹಾಗೆ. ಕಿಟಕಿಯ ಕಡೆ ಮುಖ. ನನ್ನ ಜೊತೆ ಮಾತು ಮೂರೇ. ನೀರು ಬೇಕೇನ್ರಿ. ಬಿಸಿಲು ಬರ್ತದೇನ್ರಿ. ಇಳೀರಿ.

ಬೈದಿದ್ದರೆ ಉತ್ತರ ಕೊಡುತ್ತಿದ್ದೆ. ನನ್ನ ಎರಡು ಮಾತು ಹಾಗೆಯೇ ಉಳಿದವು.

೨೩ ಜೂನ್, ಸೋಮವಾರ

ಓಣಿಯೆಲ್ಲ ನಮ್ಮ ಪಡಸಾಲೆಯಲ್ಲಿ. ಕೆಂಪು ಎತ್ತು ಊರಲ್ಲಿ ಯಾರೂ ನೋಡಿಲ್ಲ. ಕಣ್ಣಿಲ್ಲ ಎಂದು ಒಬ್ಬರಾದರೂ ಅನ್ನುತ್ತಾರೆಂದು ಕಾದೆ. ಸೃಷ್ಟಿ ತಾಯಿಯ ಹಳೆಯ ಗುಂಡಿನ ಸರದ ಕರಿಮಣಿ ತೆಗೆದು, ಮೇಣ ಹಚ್ಚಿ, ತೂತಿನಲ್ಲಿ ಕೂರಿಸಿಬಿಟ್ಟಳು. ಈಗ ಅವು ಮೊದಲಿಗಿಂತ ಹೆಚ್ಚು ನೋಡುತ್ತವೆ. ಪಡಸಾಲೆಯಲ್ಲಿ ಎಲ್ಲಿ ಕುಳಿತರೂ ನನ್ನನ್ನೇ.

ಅಮರನಾಥನಿಗೆ ಹಿಗ್ಗೋ ಹಿಗ್ಗು. "ಯವ್ವ, ಒಂದ್ ನಮೂನಿ ಛಲೋನೇ ಆತು. ಬೆಂದಾವ, ಒಡ್ಯಂಗಿಲ್ಲ, ಕರಗಂಗಿಲ್ಲ. ಇನ್ನ ವರ್ಷಾ ವರ್ಷಾ ಇವನ್ನೇ ಇಟ್ಟು ಪೂಜಾ ಮಾಡಿದ್ರಾತು. ನಿನಗೂ ತ್ರಾಸ ಇಲ್ಲ."

ತಲೆಯ ಮೇಲೆ ನೀರು ಸುರಿದ ಹಾಗಾಯಿತು. ಇವಳ ಎತ್ತು ಹಸಿಯಾಗಿಯೇ ಇದ್ದಿದ್ದರೆ ಒಂದು ವರ್ಷದ ಮಾತಾಗಿತ್ತು. ಅಮಾವಾಸ್ಯೆ ಕಳೆದು ಕರಗಿ ಹೋಗುತ್ತಿದ್ದವು. ಬರುವ ವರ್ಷ ಮತ್ತೆ ನನ್ನ ಕೈ, ನನ್ನ ಮಣ್ಣು. ನಾನೇ ಅವುಗಳನ್ನು ಬೆಂಕಿಗೆ ಕೊಟ್ಟು ಗಟ್ಟಿ ಮಾಡಿ ಜಗಲಿಯ ಮೇಲೆ ಕೂರಿಸಿದೆ. ನಾನು ಸತ್ತ ಮೇಲೂ ಇರುತ್ತವೆ.

"ಬೆಂದ ಎತ್ತಿಗಿ ಪೂಜಾ ಇಲ್ಲ" ಅಂದೆ. ದನಿ ಏರಿತು.

"ಯಾವ ಪುಸ್ತಕದಾಗ ಬರದಾರ ಯವ್ವ?"

"ನಾ ಹೇಳಾಕತ್ತೇನಿ. ಕರಗಬೇಕು."

"ಕರಗಿಸಿ ಏನ್ ಮಾಡೋದದ? ಇಷ್ಟ ಚಂದ..."

ಬಾಗಿಲಲ್ಲಿ ನಿಂತಿದ್ದ ವಿಜಯಶ್ರೀ ಅಂದಳು: "ಅತ್ತ್ಯಾರು ಹೇಳೂದು ಖರೇ ಅದರಿ. ಪೂಜಿಗಿ ಅವರು ಮಾಡಿದ್ದೇ ಇರಲಿ. ಇವು ಶೋಕೇಸಿನ್ಯಾಗ ಇಡ್ರಿ."

ಶೋಕೇಸು. ನನ್ನ ಮಾತನ್ನೇ ತಂದು ನನ್ನ ಮುಂದೆ ಇಟ್ಟಳು, ಚಹಾ ಇಟ್ಟ ಹಾಗೆ.

೨೪ ಜೂನ್, ಮಂಗಳವಾರ

ಮುಂಜಾನೆ ಎದ್ದರೆ ದೇವರ ಖೋಲಿಯಲ್ಲಿ ತಾಟಿನ ಮೇಲೆ ಮಣ್ಣು ಸಿದ್ಧವಿತ್ತು. ಹೊಲದ್ದು. ನಾದಿ, ಒದ್ದೆ ಅರಿವೆ ಹೊದಿಸಿ ಇಟ್ಟಿದ್ದಾಳೆ. ಒತ್ತಿ ನೋಡಿದೆ. ಕೂಸಿನ ಕೆನ್ನೆಯ ಹಾಗೆ.

ಸರಿಸಿ ಇಟ್ಟೆ. ನಾನೇ ಹೊಲಕ್ಕೆ ಹೋಗಿ ಬೇರೆ ತಂದೆ. ಸೋಸಿದೆ, ನಾದಿದೆ. ಹೆಬ್ಬೆರಳು ಉರಿಯಿತು. ಒಂದು ಎತ್ತಿನ ಮೈ ಆಗುವಷ್ಟರಲ್ಲಿ ಬೆನ್ನು ಸೀಳಿತು. ಒದ್ದೆ ಮಾಡಿದೆ. ಕಾಲು ಕುಸಿದವು. ಮತ್ತೆ ಮುದ್ದೆ ಮಾಡಿದೆ. ಮತ್ತೆ ಸೀಳಿತು.

ಮನೆಯಲ್ಲಿ ಯಾರೂ ಇರಲಿಲ್ಲ. ಅವಳು ಹಿತ್ತಲಲ್ಲಿ ಬಟ್ಟೆ ಒಗೆಯುತ್ತಿದ್ದಳು, ಸಪ್ಪಳ ಕೇಳುತ್ತಿತ್ತು. ತಾಟಿನ ಅರಿವೆ ತೆಗೆದೆ.

ಅವಳ ಮಣ್ಣಿನಿಂದ ಎತ್ತು ಆದವು. ಜೋಡಿ, ಮುಂದೊಂದು ಮೇವಿನ ಗ್ವಾದಲಿ. ಹಂದಿಯಂತೇನೂ ಇಲ್ಲ. ಕತ್ತು ಹೊರಳಿಸಲು ನೋಡಿದೆ. ಒಂದೇ ಸಲ. ಕೊರಳು ಕೈಗೇ ಬರುವುದರಲ್ಲಿತ್ತು, ಬಿಟ್ಟೆ. ಮುಂದೆ ನೋಡುತ್ತವೆ. ನೋಡಲಿ. ಅತ್ತೆಯವೂ ಮುಂದೆಯೇ ನೋಡುತ್ತಿದ್ದವು.

ನಾನು ತಂದ ಮಣ್ಣನ್ನು ತುಳಸಿಯ ಬುಡಕ್ಕೆ ಹಾಕಿದೆ. ಅವಳು ಒಳಗೆ ಬಂದು ಖಾಲಿ ತಾಟು ತೆಗೆದುಕೊಂಡು ಹೋಗಿ ತೊಳೆದಳು. ಏನೂ ಅನ್ನಲಿಲ್ಲ. ಇವಳ ಈ ಏನೂ ಅನ್ನದಿರುವಿಕೆಗೆ ಯಾವ ಕ್ಲಾಸಿಗೆ ಹೋಗಿದ್ದಳೋ.

೨೫ ಜೂನ್, ಬುಧವಾರ. ಮಣ್ಣೆತ್ತಿನ ಅಮಾವಾಸ್ಯೆ. ಸಂಜೆ

ಜಗಲಿಯ ಮೇಲೆ ನನ್ನ ಎತ್ತು. ವಿಭೂತಿ, ಹೂವು, ಕಡುಬು. ಸೃಷ್ಟಿ ಹಟ ಮಾಡಿ ಕೆಂಪು ಜೋಡಿಯನ್ನೂ ಮಗ್ಗುಲಿಗೆ ತಂದಿಟ್ಟಳು. "ಅವೂ ಎತ್ತೇ ಅಲಾ ಆಯಿ, ಪಾಪ." ಹಬ್ಬದ ದಿನ ಕೂಸನ್ನು ಅಳಿಸಬಾರದೆಂದು ಸುಮ್ಮನಾದೆ. ಆರತಿಗೆ ಬಂದವರು ನನ್ನವುಗಳಿಗೆ ಕೈ ಮುಗಿದರು, ಅವಳವುಗಳನ್ನು ನೋಡಿದರು. ಕೈ ಮುಗಿಯುವುದು ಎಷ್ಟು ಹೊತ್ತು! ನೋಡುವುದೇ ಬಹಳ ಹೊತ್ತು.

ಹೊತ್ತು ಇಳಿದ ಮೇಲೆ ಹೊಲದ ಬಾವಿಗೆ ಹೋದೆವು. ಮಳೆ ಇನ್ನೂ ಕೈಕೊಟ್ಟಿದೆ, ತಳದಲ್ಲಿ ಮೊಣಕಾಲುದ್ದ ನೀರು. ಪಾವಟಿಗೆಯ ಮೆಟ್ಟಿಲು ಇಳಿದು ನಾನೇ ಬಿಟ್ಟೆ. ನೀರು ಮುಟ್ಟಿದ್ದೇ ತಡ, ಕೊಂಬು ಕರಗಿದವು, ಮೈ ಅಗಲವಾಯಿತು, ಕಪ್ಪು ಮೋಡದ ಹಾಗೆ ಹರಡಿತು. ಹೀಗೆಯೇ ಆಗಬೇಕು.

ಏಳುವಷ್ಟರಲ್ಲಿ ವಿಜಯಶ್ರೀ ಒಂದು ಪಾವಟಿಗೆ ಮೇಲೆ ನಿಂತಿದ್ದಳು. ಸೆರಗಿನಲ್ಲಿ ಕೆಂಪು ಜೋಡಿ.

ಸೃಷ್ಟಿ ಮೇಲಿನಿಂದ ಚೀರಿದಳು. "ಮಮ್ಮಿ, ಬ್ಯಾಡ!" ಅಮರನಾಥ, "ಏ, ಹುಚ್ಚಿ ಏನ! ಶೋಕೇಸಿನ್ಯಾಗ ಇಡೂದಲ್ಲೇನು?" ಅಂದ.

"ಜಗಲಿ ಮ್ಯಾಲ ಕುಂತು ಪೂಜಾ ಆತಲ್ರಿ. ಪೂಜಾ ಆದ ಎತ್ತ ಮನ್ಯಾಗ ಇಡಬಾರದು. ಕೇಳ್ರಿ ಬೇಕಾದ್ರ ಅತ್ತ್ಯಾರಿಗಿ."

ಎಲ್ಲರೂ ನನ್ನತ್ತ ನೋಡಿದರು. ಇಡಬಹುದು ಎಂದು ಒಂದು ಮಾತು ಅಂದಿದ್ದರೆ ಆಗಿತ್ತು. ಅಂದರೆ ವರ್ಷಾ ವರ್ಷಾ ಅವೇ. ಅನ್ನದಿದ್ದರೆ...

"ಇಡಬಾರದು" ಅಂದೆ.

ಬಗ್ಗಿ ಮೆಲ್ಲಗೆ ಬಿಟ್ಟಳು, ಒಂದನ್ನು, ಆಮೇಲೆ ಇನ್ನೊಂದನ್ನು. ಎರಡು ಸಲ ಗುಳುಂ ಅಂತು. ಏಳುವಾಗ, ನನಗಷ್ಟೇ ಕೇಳುವ ಹಾಗೆ, "ಬರೋ ವರ್ಷ ನಾ ಮಣ್ಣ ನಾದಿ ಕೊಡ್ತೇನ್ರಿ ಅತ್ತಿ. ನೀವ್ ಮಾಡ್ರಿ. ಹಸೀವೇ ಇರಲಿ" ಅಂದಳು.

ಬೈಗುಳವೂ ಅಲ್ಲ, ಬೇಡಿಕೆಯೂ ಅಲ್ಲ. ನನ್ನ ಜಾಗವನ್ನು ನನಗೇ ಕೊಟ್ಟಳು. ಕೊಡುವವಳು ಅವಳಾದಳು. ಅದನ್ನು ತೆಗೆದುಕೊಂಡು ಹೇಗೆ ಇಟ್ಟುಕೊಳ್ಳಬೇಕೋ ತಿಳಿಯದು. ಮೇಲೆ ಹತ್ತುವಾಗ ಕೈ ಕೊಟ್ಟಳು. ಹಿಡಿದುಕೊಂಡೆ. ಪಾವಟಿಗೆ ಜಾರುತ್ತಿತ್ತು.

೨೮ ಜೂನ್, ಶನಿವಾರ

ಮಳೆ ಇಲ್ಲ. ತೊಗರಿ ಬಿತ್ತನೆ ನಿಂತಿದೆ. ಬಾವಿಯ ನೀರು ತಿಳಿಯಾಗಿದೆಯಂತೆ.

ನಾನು ಹೋಗಿಲ್ಲ. ಸೃಷ್ಟಿ ಅಪ್ಪನ ಜೊತೆ ಹೋಗಿ ಓಡಿ ಬಂದಳು. "ಆಯಿ, ಆಯಿ, ನಿನ್ನ ಎತ್ತ ಒಂದೂ ಇಲ್ಲ, ಬರೇ ರಾಡಿ. ಮಮ್ಮೀವು ಹಂಗೇ ಅವ! ಒಂದ್ ಮಲಗ್ಯದ, ಒಂದ್ ನಿಂತದ. ನೀರಾಗ ಕಣ್ಣ ಪಳಪಳ ಅಂತಾವ."

ರಾಡಿಯ ಮೇಲೆ ನಿಂತಿದೆ. ನನ್ನ ಎತ್ತಿನ ರಾಡಿಯ ಮೇಲೆ.

ವಿಜಯಶ್ರೀ ರೊಟ್ಟಿ ಬಡಿಯುತ್ತಿದ್ದಳು. ಕೈ ನಿಲ್ಲಿಸಲಿಲ್ಲ. ತುಟಿ ಮಾತ್ರ ತುಸು... ನಕ್ಕಳೋ ಇಲ್ಲವೋ, ಒಲೆಯ ಹೊಗೆಯಲ್ಲಿ ಕಾಣಲಿಲ್ಲ. ನಕ್ಕಿದ್ದರೆ ಒಳ್ಳೆಯದಿತ್ತು. ನಕ್ಕಳೆಂದು ಹಿಡಿಯಬಹುದಿತ್ತು.

ಮಳೆ ಬಂದರೆ ನೀರು ಏರುತ್ತದೆ, ಕಾಣುವುದಿಲ್ಲ. ಬೇಸಿಗೆಗೆ ಮತ್ತೆ ಕಾಣುತ್ತವೆ. ಪ್ರತಿ ಬೇಸಿಗೆಗೆ. ಯಾರನ್ನಾದರೂ ಇಳಿಸಿ ತೆಗೆಸಬೇಕು. ತೆಗೆಸಿದರೆ ಯಾಕೆ ಎಂದು ಕೇಳುತ್ತಾರೆ. ತೆಗೆಸಿ ಎಲ್ಲಿ ಇಡುವುದು? ಒಡೆಯುವುದು ಆಗುವುದಿಲ್ಲ, ಪೂಜೆ ಆಗಿದೆ. ಹಾಗೆಂದು ಒಪ್ಪಿದವಳು ನಾನೇ.

ಕತ್ತು ಹೊರಳಿಸಿದ್ದು ನಿಂತದ್ದೋ, ಮಲಗಿದ್ದೋ ಎಂದು ಸೃಷ್ಟಿಯನ್ನು ಕೇಳಬೇಕು. ವಿಜಯಶ್ರೀ ಇಲ್ಲದಾಗ. ಬೇಡ, ನಾಳೆ ಬಿಸಿಲು ಏರುವ ಮೊದಲು ನಾನೇ ಹೋಗಿ, ಒಂದು ಸಲ, ಮೇಲಿನಿಂದಲೇ ನೋಡಿ ಬರುತ್ತೇನೆ.